ಗಂಜಿ ಹಚ್ಚಿದ ಪ್ರಾಣಿಪುಸ್ತಕ

ಬಳ್ಳಾರಿ, ಬ್ರೂಸ್‌ಪೇಟೆ
ವಿರೋಧಿ ಸಂವತ್ಸರದ ಮಾರ್ಗಶಿರ ಶುದ್ಧ ಪಂಚಮಿ, ೧೮೮೯ನೇ ಇಸವಿ

ಪ್ರೀತಿಯ ತಮ್ಮ ಅನಂತಾ,

ಅಕ್ಕ ತಿರುಮಲಮ್ಮನ ಆಶೀರ್ವಾದ. ಮೊದಲು ನಿನ್ನ ಮೈ ಹೇಗಿದೆ ಹೇಳು. ಸಿರುಗುಪ್ಪ ಎಂದರೆ ಹೊಳೆಯ ದಂಡೆ, ಗದ್ದೆಯ ನೀರು, ಸಂಜೆಯಾದರೆ ಸೊಳ್ಳೆಯ ಹಿಂಡು. ಹೋದ ವರ್ಷ ಇದೇ ಚಳಿಯಲ್ಲಿ ನಿನಗೆ ಜ್ವರ ಬಂದು ನಡುಗಿದ್ದು ನಾನು ಮರೆತಿಲ್ಲ. ಕಾಲುವೆ ಕಚೇರಿಯ ದೊರೆ ನಿನ್ನನ್ನು ಹಗಲೆಲ್ಲ ಏರಿಯ ಮೇಲೆ ಓಡಾಡಿಸಿದರೂ ಸಂಜೆ ಬೇಗ ಮನೆ ಸೇರು, ಜೀರಿಗೆ ಕಷಾಯ ಬಿಡಬೇಡ. ಗಂಗಾಬಾಯಿ ಹೇಗಿದ್ದಾಳೆ? ಹೊಸ ಒಲೆ, ಹೊಸ ನೀರು, ತವರಿನ ನೆನಪು. ಹದಿನಾರರ ಹುಡುಗಿ ಸಾರಿಗೆ ಎರಡು ಸಲ ಉಪ್ಪು ಹಾಕಿದರೆ ಮುಖ ಗಂಟಿಕ್ಕಬೇಡ. ಎಲೆಯ ಮುಂದೆ ಕುಳಿತರೆ ನೀನು ತಹಸೀಲ್ದಾರನ ಹಾಗೆ ವಿಚಾರಣೆ ನಡೆಸುವವನು, ನನಗೆ ಗೊತ್ತಿಲ್ಲವೇ. ಇಲ್ಲಿ ಅಪ್ಪ ಜವಳಿ ಅಂಗಡಿಯ ಲೆಕ್ಕಕ್ಕೆ ದಿನವೂ ಹೋಗಿಬರುತ್ತಾರೆ, ಮೊಣಕಾಲು ಮಾತ್ರ ಮೆಟ್ಟಿಲು ಕಂಡರೆ ಜಗಳಕ್ಕೆ ನಿಲ್ಲುತ್ತದೆ. ಅಪ್ಪನ ಅಕ್ಕ ಅಂಬುಜತ್ತೆಗೆ ಕಣ್ಣು ಮಂಜಾಗಿದೆ, ಬಾಯಿಗೆ ಏನೂ ಆಗಿಲ್ಲ. ನಿನ್ನ ಮಗಳು ತುಂಗಾ ಚೆನ್ನಾಗಿದ್ದಾಳೆ. ನಾನಿದನ್ನು ಬರೆಯುತ್ತಿರುವಾಗ ಪಡಸಾಲೆಯಲ್ಲಿ ಬೆಕ್ಕನ್ನು ಕೂರಿಸಿಕೊಂಡು ಏನೋ ಗದರುತ್ತಿದ್ದಾಳೆ.

ನಿನ್ನ ಕಾಗದ ಕಾರ್ತಿಕದ ಹುಣ್ಣಿಮೆಗೇ ಬಂತು. ಉತ್ತರ ಬರೆಯಲು ಇಷ್ಟು ದಿನ ಹಿಡಿಯಿತು, ಸಿಟ್ಟಾಗಬೇಡ. ಬರುವ ಹುಣ್ಣಿಮೆಗೆ ಗಾಡಿ ಕಟ್ಟಿಕೊಂಡು ಬಂದು ತುಂಗಾಳನ್ನು ಕರೆದೊಯ್ಯುತ್ತೇನೆ ಎಂದು ಬರೆದಿದ್ದೀಯೆ. ತಂದೆ ನೀನು, ಮಗಳು ನಿನ್ನವಳು. ಬೇಡವೆನ್ನಲು ನಾನು ಯಾರು? ಕೂಸಿಗೆ ಹೊಸ ಮನೆ ರೂಢಿಯಾಗುವ ತನಕ ನಾಲ್ಕು ದಿನ ನಾನೂ ಬಂದಿರಲೇ ಎಂದು ಹಿಂದಿನ ಕಾಗದದಲ್ಲಿ ಕೇಳಿದ್ದಕ್ಕೆ, ಹೊಸದಾಗಿ ಸಂಸಾರ ಹೂಡಿದ ಮನೆಗೆ ನನ್ನಂಥವಳು ಬರುವುದನ್ನು ಗಂಗಾಬಾಯಿಯ ತವರಿನವರು ಒಪ್ಪಲಾರರು ಎಂದು ಸುತ್ತಿ ಬಳಸಿ ಬರೆದಿದ್ದೀಯೆ. ಅಷ್ಟು ಸುತ್ತಬೇಕಾಗಿರಲಿಲ್ಲ. ತಲೆ ಬೋಳಿಸಿಕೊಂಡು ಕೆಂಪು ಸೀರೆ ಉಟ್ಟವಳಿಗೆ ತನ್ನ ಮುಖ ಯಾವ ಬಾಗಿಲಿಗೆ ಬೇಡವೆಂಬುದು ಯಾರೂ ಹೇಳದೆಯೇ ತಿಳಿಯುತ್ತದೆ. ಆದರೂ ಆ ಮಾತನ್ನು ನಿನ್ನ ಅಕ್ಷರದಲ್ಲಿ ಓದಿದಾಗ ನೋವಾಯಿತು, ಅನಂತಾ, ಸುಳ್ಳು ಹೇಳಲಾರೆ. ಆಮೇಲೆ ಇನ್ನೊಂದು ಮಾತು ಬರೆದಿದ್ದೀಯೆ. ತುಂಗಾ ನನ್ನನ್ನು ಅವ್ವ ಎಂದು ಕರೆಯುವುದನ್ನು ನಾನೇ ಬಿಡಿಸಬೇಕು, ಸಿರುಗುಪ್ಪಕ್ಕೆ ಬರುವ ಹೊತ್ತಿಗೆ ಆ ಹೆಸರು ಗಂಗಾಬಾಯಿಗೆ ಸಲ್ಲಬೇಕು, ಇಲ್ಲದಿದ್ದರೆ ಆ ಹುಡುಗಿ ತನ್ನ ಮನೆಯಲ್ಲೇ ಹೊರಗಿನವಳಾಗಿ ಉಳಿಯುತ್ತಾಳೆ ಎಂದು. ಅದಕ್ಕೆ ಉತ್ತರ ಬರೆಯಲು ಈಗ ಕೈ ಏಳುತ್ತಿಲ್ಲ. ಮೊದಲು ಪುಸ್ತಕದ ವಿಷಯ ಬರೆಯುತ್ತೇನೆ. ಕೂಸಿನ ಬಟ್ಟೆಗಂಟಿನ ಜೊತೆ ಅದೂ ಬರುತ್ತದೆ, ಅದನ್ನು ಓದಿಸುವ ಬಗೆ ನಿಮ್ಮಿಬ್ಬರಿಗೂ ಗೊತ್ತಿಲ್ಲ.

ನಿನ್ನ ಮೊದಲ ಹೆಂಡತಿ ಕುರುಗೋಡಿನ ತವರಿನಲ್ಲಿ ಹೆತ್ತು ಕಣ್ಣು ಮುಚ್ಚಿದಾಗ ನೀನು ಗೋಡೆ ಹಿಡಿದು ಕುಳಿತುಬಿಟ್ಟೆ. ಹಸಿಗೂಸನ್ನು ಮಡಿಲಲ್ಲಿಟ್ಟುಕೊಂಡು ಗಾಡಿಯಲ್ಲಿ ಬಳ್ಳಾರಿಗೆ ಬಂದವಳು ನಾನು. ಬತ್ತಿ ಅದ್ದಿ ಅದ್ದಿ ಹಾಲು ಕುಡಿಸಿ ಬೆಳೆಸಿದ್ದಾಯಿತು, ಮೈ ತುಂಬಿಕೊಂಡಳು, ನಡೆದಳು, ಆದರೆ ಮಾತು ಮಾತ್ರ ಬರಲಿಲ್ಲ. ಓಣಿಯಲ್ಲಿ ಅವಳ ಓರಗೆಯ ಮಕ್ಕಳು ಅಜ್ಜಿಯರಿಗೇ ಎದುರುತ್ತರ ಕೊಡುವಾಗ ನಮ್ಮ ಹುಡುಗಿ ನೀರು ಬೇಕಾದರೆ ಚೆಂಬು ತೋರಿಸುವಳು, ಹಸಿವಾದರೆ ನನ್ನ ಸೆರಗು ಜಗ್ಗುವಳು, ಅಷ್ಟೇ. ಅಂಬುಜತ್ತೆ ಜೇನಿನಲ್ಲಿ ಚಿನ್ನ ತೇದು ನೆಕ್ಕಿಸಿದರು. ಅಪ್ಪ ವೆಂಕಟರಮಣನಿಗೆ ಮುಡಿಪು ಕಟ್ಟಿದರು. ಕೊನೆಗೆ ಒಂದು ದಿನ ಅಂಬುಜತ್ತೆ ನೀರು ತರುವವಳ ಮುಂದೆ, "ಮೂಗಿ ಕೂಸಿಗೆ ಮುಂದ ಗಂಡು ಹೆಂಗ ಹುಡುಕೋದವ್ವಾ" ಎಂದದ್ದು ನನ್ನ ಕಿವಿಗೆ ಬಿತ್ತು. ಹೆದರಿದೆ. ಅವಳ ಮದುವೆಗಾಗಿ ಅಲ್ಲ. ನಾನು ಬೇಡಿ ಪಡೆಯದಿದ್ದರೂ ದೇವರು ಕೊಟ್ಟ ಒಂದೇ ಒಂದು ಕೂಸು, ತನ್ನ ಹೊಟ್ಟೆಯೊಳಗಿನದನ್ನು ಯಾರಿಗೂ ಹೇಳಲಾರದೆ ಬೆಳೆದುಬಿಟ್ಟರೆ ಎಂದು ಹೆದರಿದೆ.

ಆಗ ಅಪ್ಪ ಅಂಗಡಿಯಿಂದ ಒಂದು ಚೀಟಿ ತಂದರು. ಸೀಮೆಯಿಂದ ಹಡಗಿನಲ್ಲಿ ಬರುವ ಬಟ್ಟೆಯ ಥಾನುಗಳ ಮೇಲೆ ಬಣ್ಣದ ಚಿತ್ರದ ಚೀಟಿ ಅಂಟಿಸಿರುತ್ತಾರಲ್ಲ, ಅದು. ಅಂಬಾರಿ ಹೊತ್ತ ಆನೆ. ಕೂಸು ಆ ದಿನವೆಲ್ಲ ಆ ಚೀಟಿಯನ್ನು ಕೈಯಿಂದ ಬಿಡಲಿಲ್ಲ, ಅದನ್ನು ಹಿಡಿದುಕೊಂಡೇ ನಿದ್ದೆ ಹೋಯಿತು. ನಾನು ಅಪ್ಪನ ಬೆನ್ನು ಬಿದ್ದೆ. ಕುದುರೆ, ಗಿಳಿ, ಹುಲಿ, ಮಂಗ, ನವಿಲು, ಕರಡಿ, ಎಲ್ಲ ಒಂದೊಂದಾಗಿ ಬಂದವು. ಒಂದು ಚೀಟಿಯಲ್ಲಿ ಹೊಟ್ಟೆಯ ಚೀಲದೊಳಗೆ ಮರಿಯನ್ನಿಟ್ಟುಕೊಂಡು ಹಿಂಗಾಲ ಮೇಲೆ ನಿಂತ ಯಾವುದೋ ದೂರದೇಶದ ಪ್ರಾಣಿ ಇತ್ತು. ಅದರ ಹೆಸರು ಅಪ್ಪನಿಗೂ ಗೊತ್ತಿಲ್ಲ, ಅಂಗಡಿಯ ಯಜಮಾನರಿಗೂ ಗೊತ್ತಿಲ್ಲ. ನಾನು ಚೀಲದಿಲಿ ಎಂದು ಹೆಸರಿಟ್ಟೆ. ಥಾನು ಸುತ್ತಿ ಬರುವ ದಪ್ಪ ಕಂದು ಹಾಳೆಗಳನ್ನು ಒಂದೇ ಅಳತೆಗೆ ಕತ್ತರಿಸಿ, ಹಾಳೆಗೊಂದು ಪ್ರಾಣಿ ಅಂಟಿಸಿ, ಗೋಣಿದಾರದಿಂದ ಹೊಲಿದೆ. ಪುಸ್ತಕವಾಯಿತು.

ಇಲ್ಲಿ ನನ್ನ ಬುದ್ಧಿ ಮಣ್ಣು ತಿಂದಿತು. ಹುಣಸೆ ಬೀಜ ಅರೆದು ಅಂಟು ಮಾಡುವಷ್ಟು ತಾಳ್ಮೆಯಿರಲಿಲ್ಲ. ಒಲೆಯ ಪಕ್ಕ ಅನ್ನ ಬಸಿದ ಗಂಜಿ ಇತ್ತು, ಅದನ್ನೇ ಹಚ್ಚಿ ಅಂಟಿಸಿಬಿಟ್ಟೆ. ಅಂಬುಜತ್ತೆಯ ಕಣ್ಣಿಗೆ ಮಂಜಿದ್ದರೂ ಮೂಗಿಗೆ ಇಲ್ಲವಲ್ಲ. "ಅನ್ನದ ಗಂಜಿ ಹಚ್ಚೀಯೇನs? ಅದೆಲ್ಲಾ ಮುಸುರಿ ಆತು! ಮಡಿಯಾಗ ಅದನ್ನ ಮುಟ್ಟಿ ಗಿಟ್ಟೀ ಮತ್ತ!" ಎಂದು ಕೂಗಾಡಿದರು. ಬೇಯಿಸಿದ ಅನ್ನದ ಅಂಶ ತಾಗಿದ್ದು ಮುಸುರೆ, ಮಡಿಯುಟ್ಟವಳು ಮುಟ್ಟುವಂತಿಲ್ಲ. ನನಗೆ ತಿಳಿಯದ ಮಾತೇನಲ್ಲ, ಅವಸರದಲ್ಲಿ ಮರೆತೆ. ಬೆಳಿಗ್ಗೆಯಿಂದ ಊಟವಾಗುವ ತನಕ ನಾನು ಒದ್ದೆ ಸೀರೆಯಲ್ಲಿ ಅಡಿಗೆಮನೆಯಲ್ಲಿರುವವಳು. ತುಂಗಾ ಬರಿಮೈ ಕೂಸಾಗಿದ್ದಾಗ ಮಡಿಯಲ್ಲೂ ಅವಳನ್ನು ಎತ್ತಿಕೊಳ್ಳುತ್ತಿದ್ದೆ. ಲಂಗ ತೊಟ್ಟ ಮೇಲೆ, ಬಟ್ಟೆಯ ಮೈಲಿಗೆಯೆಂದು ಅದೂ ಹೋಯಿತು. ದಿನವೂ ಅವಳು ಹೊಸ್ತಿಲ ಆಚೆ ನಿಂತು ಎರಡೂ ಕೈ ಚಾಚಿ ಅಳುವುದು, ನಾನು ಈಚೆ ನಿಂತು ಕೈ ಕಟ್ಟಿಕೊಂಡು ನೋಡುವುದು. ಈಗ ಪುಸ್ತಕವೂ ಆಚೆಯೇ ಉಳಿಯಿತು.

ಬೇರೆ ದಾರಿಯಿಲ್ಲದೆ ಹೀಗೆ ಮಾಡಿದೆ. ಪುಸ್ತಕವನ್ನು ಅವಳ ತೊಡೆಯ ಮೇಲಿಟ್ಟು ಹೊಸ್ತಿಲ ಆಚೆ ಕೂರಿಸುವುದು, ನಾನು ಒಲೆಯ ಮುಂದಿನಿಂದ ಹೇಳುವುದು. ಕಾಣದ ಪುಸ್ತಕವನ್ನು ಓದಬೇಕೆಂದರೆ ಪ್ರತಿ ಹಾಳೆಗೂ ಒಂದೇ ಮಾತಿರಬೇಕಲ್ಲವೇ. "ಯಾರು ಬಂತು? ಆನಿ ಬಂತು. ಏನು ತಿಂತು? ಕಬ್ಬು ತಿಂತು. ಎಲ್ಲಿಗೆ ಹೋತು? ತನ್ನ ಮನಿಗೆ ಹೋತು." ಮುಂದಿನ ಹಾಳೆಗೆ, "ಯಾರು ಬಂತು? ಕುದುರಿ ಬಂತು. ಏನು ತಿಂತು? ಹುಳ್ಳಿ ತಿಂತು. ಎಲ್ಲಿಗೆ ಹೋತು? ತನ್ನ ಮನಿಗೆ ಹೋತು." ಪುಸ್ತಕವೆಲ್ಲ ಅಷ್ಟೇ, ಪ್ರಾಣಿ ಬದಲು, ತಿಂಡಿ ಬದಲು, ಮಿಕ್ಕದ್ದೆಲ್ಲ ಅದೇ. ಹಾಳೆ ತಿರುವುವ ಕೆಲಸ ಅವಳದು. ಮೊದಲು ಎಲ್ಲೆಂದರಲ್ಲಿ ತಿರುವುತ್ತಿದ್ದಳು. ನಾನು ಹುಲಿ ಎನ್ನುವಾಗ ಅವಳ ಮುಂದೆ ನವಿಲಿರುತ್ತಿತ್ತು. ಕೆಲವು ದಿನಗಳಲ್ಲಿ "ತನ್ನ ಮನಿಗೆ ಹೋತು" ಎಂಬ ಮಾತು ಬಿದ್ದ ಕೂಡಲೇ ಸರಕ್ಕನೆ ಹಾಳೆ ತಿರುಗುವ ಸದ್ದು ಕೇಳತೊಡಗಿತು. ಸೌಟು ತಿರುವುತ್ತ ಆ ಸದ್ದಿಗೇ ಕಿವಿಯಿಟ್ಟುಕೊಂಡಿರುತ್ತಿದ್ದೆ. ಬಾಯಿ ಬರದಿದ್ದರೇನು, ಕಿವಿ ಕಲಿಯುತ್ತಿದೆ ಎಂದು ಧೈರ್ಯ ಬಂತು.

ಹೋದ ವರ್ಷ ಶ್ರಾವಣದ ಒಂದು ಬೆಳಿಗ್ಗೆ ಸೌದೆ ಹಸಿಯಿತ್ತು, ಅಡಿಗೆಮನೆ ತುಂಬ ಹೊಗೆ. ಕರಡಿಯ ಹಾಳೆ ನಡೆದಿತ್ತು. "ಎಲ್ಲಿಗೆ ಹೋತು? ತನ್ನ ಮನಿಗೆ" ಎನ್ನುವಷ್ಟರಲ್ಲಿ ಹೊಗೆ ಗಂಟಲಿಗೆ ಅಡರಿ ಕೆಮ್ಮು ಹತ್ತಿತು, ಮಾತು ಅಲ್ಲೇ ನಿಂತಿತು. ಆಚೆ ಹಾಳೆ ತಿರುಗಲಿಲ್ಲ. ಕಾದಳು ಅಂತ ಕಾಣುತ್ತದೆ. ಆಮೇಲೆ, ಎಂದೂ ಕೇಳದ ಒಂದು ಸಣ್ಣ ದನಿ, "ಹೋತು" ಎಂದಿತು. ಅನಂತಾ, ನನಗೆ ಮಡಿ ನೆನಪಾಗಲಿಲ್ಲ, ಮುಸುರೆ ನೆನಪಾಗಲಿಲ್ಲ. ಹೊಸ್ತಿಲು ದಾಟಿ ಓಡಿ ಅವಳನ್ನೂ ಪುಸ್ತಕವನ್ನೂ ಒಟ್ಟಿಗೆ ಎದೆಗೆ ಅವುಚಿಕೊಂಡೆ. ಅಂಬುಜತ್ತೆ, "ಅಯ್ಯೋ, ಅಡಿಗಿ ಎಲ್ಲಾ ಮೈಲಿಗಿ ಮಾಡಿದೆಲ್ಲs" ಎಂದು ಬಾಯಿ ಬಡಿದುಕೊಂಡರು. ಕೂಸು ಮಾತಾಡಿತು ಎಂದು ತಿಳಿದ ಮೇಲೆ ಅವರೂ ಅಲ್ಲೇ ಕುಸಿದು ಕುಳಿತು ಅತ್ತರು. ಮತ್ತೆ ತಣ್ಣೀರು ಮೈಮೇಲೆ ಸುರಿದುಕೊಂಡು, ಮತ್ತೆ ಅಡಿಗೆ ಹೂಡಿದೆ. ಅಪ್ಪನಿಗೆ ಊಟ ಬಡಿಸುವಾಗ ಹೊತ್ತು ಎಲ್ಲಿಗೋ ಹೋಗಿತ್ತು.

ಆಮೇಲೆ ನಾನು ಬೇಕೆಂದೇ ಮಾತನ್ನು ಅರ್ಧಕ್ಕೆ ನಿಲ್ಲಿಸುವುದನ್ನು ಕಲಿತೆ. "ಯಾರು ಬಂತು?" ಎಂದು ಸುಮ್ಮನಾದರೆ, "ಆನಿ" ಎನ್ನುವಳು. "ಏನು ತಿಂತು?" ಎಂದರೆ, "ಕಬ್ಬು." ಮುಂದೇನು ಬರುತ್ತದೆಂದು ಕೂಸಿಗೆ ಮೊದಲೇ ಗೊತ್ತಿರುವುದರಿಂದ ಹೆದರಿಕೆಯಿಲ್ಲ, ಬಾಯಿಬಿಟ್ಟರೆ ತಪ್ಪಾದೀತು ಎಂಬ ಅಳುಕಿಲ್ಲ. ದಿನಾ ನಡೆದ ದಾರಿಯಲ್ಲಿ ಕುರುಡರೂ ಎಡವುವುದಿಲ್ಲವಲ್ಲ, ಹಾಗೆ. ಹೋದ ಯುಗಾದಿಗೆ ನೀನು ಬಂದಾಗ ಇದನ್ನು ನೋಡಿ, "ಹಾಡಿದ್ದೇ ಹಾಡೋ ಕಿಸಬಾಯಿ ದಾಸ ಅಂದಂಗಾತು, ಕೂಸನ್ನ ಗಿಳಿ ಮಾಡಾಕ ಹೊಂಟೀಯೇನಕ್ಕಾ" ಎಂದು ನಕ್ಕೆ. ಪುಸ್ತಕ ಕಿತ್ತುಕೊಂಡು, ಆನೆ ರಾಜನ ಊರಿಗೆ ಹೋಯಿತು, ರಾಜ ಅದಕ್ಕೆ ಪೇಟ ಸುತ್ತಿದ ಎಂದು ಏನೇನೋ ಹೊಸದು ಹೆಣೆದು ಹೇಳಿ, ಬೇಸರವಾಗಿ ನಾಲ್ಕು ಹಾಳೆ ಒಟ್ಟಿಗೆ ಹಾರಿಸಿದೆ. ಅವಳು ಏನು ಮಾಡಿದಳು? ಪುಸ್ತಕ ಮುಚ್ಚಿ, ಎತ್ತಿಕೊಂಡು, ನಿನಗೆ ಬೆನ್ನು ಮಾಡಿ ಬಂದು ಹೊಸ್ತಿಲ ಬಳಿ ಕುಳಿತಳು. ನಿನ್ನ ಮುಖ ಸಣ್ಣದಾಯಿತು. ಆಗ ನಾನು ನಗಬಾರದಾಗಿತ್ತು, ನಕ್ಕೆ.

ಗಿಳಿಪಾಠವಲ್ಲ ಅದು. ಹೇಗೆ ಗೊತ್ತಾಯಿತು ಕೇಳು. ಈ ವರ್ಷದ ಆಷಾಢದಲ್ಲಿ ಎದುರುಮನೆಯ ಉಚ್ಚೆಂಗೆಮ್ಮನ ಕೋಳಿ ನಮ್ಮ ಅಂಗಳಕ್ಕೆ ನುಗ್ಗಿತು. ಪುಸ್ತಕದಲ್ಲಿ ಕೋಳಿಯಿಲ್ಲ, ನಾನು ಹೇಳಿಕೊಟ್ಟಿಲ್ಲ. ತುಂಗಾ ಅದನ್ನು ನೋಡುತ್ತ ನಿಂತು, ತನ್ನಷ್ಟಕ್ಕೆ ತಾನೇ, "ಯಾರು ಬಂತು? ಕೋಳಿ ಬಂತು. ಏನು ತಿಂತು? ಜೋಳ ತಿಂತು" ಎಂದಳು. ಉಚ್ಚೆಂಗೆಮ್ಮ ಓಡಿಬಂದು ಕೋಳಿಯನ್ನು ಕಂಕುಳಲ್ಲಿ ಇರುಕಿಕೊಂಡು ಹೋಗುವಾಗ, "ಎಲ್ಲಿಗೆ ಹೋತು? ತನ್ನ ಮನಿಗೆ ಹೋತು" ಎಂದು ಮುಗಿಸಿದಳು. ಉಚ್ಚೆಂಗೆಮ್ಮ ಬೀದಿಯಲ್ಲೇ ನಿಂತು, "ಏ ತಾಯೀ, ನಿನ್ನ ಬಾಯಿಗಿ ಸಕ್ಕರಿ ಹಾಕ" ಎಂದಳು. ಅಚ್ಚು ಒಂದೇ ಇದ್ದರೂ ಹುಯ್ದ ಬೆಲ್ಲ ಹೊಸದಿರುತ್ತದೆ. ಅಂದಿನಿಂದ ಅವಳ ಅಚ್ಚಿಗೆ ಸಿಕ್ಕದ್ದೆಲ್ಲ ಬಂತು. ಬಟ್ಟೆ ಒಗೆಯುವವನ ಕತ್ತೆ, ದೊರೆಯ ನಾಯಿ, ಅಜ್ಜನ ಕೊಡೆ, ಸಂತೆಗೆ ಬಂದ ರೂಪನಗುಡಿಯ ಈರುಳ್ಳಿ ಗಾಡಿ, ಕೊನೆಗೆ ಅಂಬುಜತ್ತೆಯ ಹಲ್ಲುನೋವು. "ಹಲ್ಲುನೋವು ಏನು ತಿಂತು? ಅಜ್ಜಿ ತಿಂತು" ಎಂದಾಗ ಆ ಮುದುಕಿ ನೋವಿನಲ್ಲೂ ನಕ್ಕುಬಿಟ್ಟಿತು. ಈಗ ಅವಳು ಎಷ್ಟು ಮಾತಾಡುತ್ತಾಳೆಂದರೆ, ಅಪ್ಪ ಜಪಕ್ಕೆ ಕುಳಿತರೆ ಹತ್ತಿಪ್ಪತ್ತು ಎಣಿಸುವಷ್ಟರಲ್ಲಿ ತಪ್ಪಿಸುತ್ತಾಳೆ.

ಆದ್ದರಿಂದ ಗಂಗಾಬಾಯಿಗೆ ಇಷ್ಟು ಹೇಳು. ಮೊದಲ ದಿನವೇ ಮುದ್ದು ಮಾಡಲು ಹೋಗುವುದು ಬೇಡ, ಕೂಸು ಬೆದರುತ್ತದೆ. ಪುಸ್ತಕ ತೆಗೆದು ಪಕ್ಕದಲ್ಲಿ ಕುಳಿತುಕೊಳ್ಳಲಿ. ಅಕ್ಷರ ಬಾರದು ಎಂದು ನಾಚಬೇಕಾಗಿಲ್ಲ, ಅದರಲ್ಲಿ ಓದಲು ಒಂದಕ್ಷರವೂ ಇಲ್ಲ. ಮಾತು ಹಾಗೆಯೇ ಹೇಳಲಿ, ಹೊಸದು ಸೇರಿಸುವುದು ಬೇಡ, ಹಾಳೆ ಹಾರಿಸುವುದು ಬೇಡ. ಒಂದೇ ಹೊತ್ತಿಗೆ ಹತ್ತು ಸಲ ಬೇಕೆಂದು ಹಟ ಹಿಡಿದರೂ ಬೇಸರ ತೋರಿಸಬಾರದು. ಬೇಸರ ದೊಡ್ಡವರದು, ಮಕ್ಕಳದಲ್ಲ. ಮಾತು ಅರ್ಧಕ್ಕೆ ನಿಲ್ಲಿಸಿ ಮಿಕ್ಕದ್ದನ್ನು ಅವಳಿಗೆ ಬಿಡಲಿ, ಹಾಳೆ ಅವಳೇ ತಿರುವಲಿ. ಚೀಲದಿಲಿಗೆ ಸಿರುಗುಪ್ಪದಲ್ಲಿ ಯಾರಾದರೂ ಬೇರೆ ಹೆಸರು ಹೇಳಿದರೆ ನೀವು ಕೇಳಿಸಿಕೊಳ್ಳಿ, ಕೂಸಿಗೆ ಹೇಳಬೇಡಿ. ಹುಲಿಯ ಹಾಳೆ ಬಂದಾಗ ಅವಳು ಪಕ್ಕದವರ ಬೆರಳು ಹಿಡಿದುಕೊಳ್ಳುತ್ತಾಳೆ, ಆಗ ಬೆರಳು ಬಿಡಿಸಿಕೊಳ್ಳಬಾರದು. ಮಧ್ಯಾಹ್ನದ ಮೇಲೆ, ಮಡಿ ಬಿಟ್ಟ ಬಳಿಕ, ಅವಳು ನನ್ನ ಬೆರಳು ಹಿಡಿಯಲೆಂದು ನಾನು ಹುಲಿಯನ್ನು ಎರಡೆರಡು ಸಲ ತಂದದ್ದುಂಟು. ಅದನ್ನು ಗಂಗಾಬಾಯಿಗೆ ಹೇಳಬೇಡ.

ನಾನು ಆ ಹುಡುಗಿಯ ಮೇಲೆ ಹೊಟ್ಟೆಕಿಚ್ಚು ಪಟ್ಟೆ, ಅನಂತಾ. ಅವಳ ತಪ್ಪೇನೂ ಇಲ್ಲ, ಅವಳನ್ನು ನಾನು ಸರಿಯಾಗಿ ನೋಡಿಯೂ ಇಲ್ಲ. ನಿನ್ನ ಮದುವೆಯಲ್ಲೂ ನಾನು ಒಳಗಿನ ಕೋಣೆಯಲ್ಲಿದ್ದೆ. ಆದರೂ ಈ ಮನೆಯಲ್ಲಿ ಇನ್ನು ಮೇಲೆ ಬೆಳಿಗ್ಗೆ ಹಾಳೆಯ ಸದ್ದು ಇರುವುದಿಲ್ಲ ಎಂದು ಎಣಿಸಿದರೆ ಸೌಟು ಕೈಯಲ್ಲೇ ನಿಂತುಬಿಡುತ್ತದೆ. ಅವಳನ್ನು ಕರೆದೊಯ್ಯುವಾಗ ಗಾಡಿಯನ್ನು ಕುರುಗೋಡಿನ ಮೇಲೆ ಹೊಡೆಸು. ಹೆತ್ತವಳ ತಾಯಿ ಅಲ್ಲಿದ್ದಾರೆ, ಮೊಮ್ಮಗಳ ಮಾತು ಅವರು ಇನ್ನೂ ಕೇಳಿಲ್ಲ. ಬಾಗಿಲಲ್ಲಿ ಇಳಿಸಿ ಸ್ವಲ್ಪ ಹೊತ್ತು ಆಡಲು ಬಿಡು. ಹೊದೆಯಲು ಹಳೆಯ ಕೌದಿಯನ್ನೇ ಇಟ್ಟಿದ್ದೇನೆ, ಹೊಸದಾದರೆ ನಿದ್ದೆ ಮಾಡಳು. ರಾತ್ರಿ ಬಿಸಿಹಾಲಿಗೆ ಬೆಲ್ಲ ಬೇಡ, ಬರಿ ಹಾಲು ಸಾಕು.

ಅಪ್ಪನ ಆಶೀರ್ವಾದ, ಅಂಬುಜತ್ತೆಯ ಆಶೀರ್ವಾದ, ಅದರ ಜೊತೆಗೆ ನಿನ್ನ ಕಾಗದ ಯಾವಾಗಲೂ ಗಿಡ್ಡವಾಗಿರುತ್ತದೆಂಬ ಅವರ ಬೈಗುಳ. ಗಂಗಾಬಾಯಿಯ ಕುಂಕುಮ ತಣ್ಣಗಿರಲಿ, ನಿಮ್ಮ ಒಲೆ ಆರದಿರಲಿ. ಶ್ರೀಹರಿ ನಿಮ್ಮೂವರನ್ನೂ ಕಾಯಲಿ.

ನಿನ್ನ ಅಕ್ಕ,
ತಿರುಮಲಮ್ಮ

ತಾ.ಕ. ಅಪ್ಪ ಟಪಾಲಿಗೆ ಹಾಕಲೆಂದು ಚಪ್ಪಲಿ ಮೆಟ್ಟಿ ಬಾಗಿಲಲ್ಲಿ ನಿಂತಿದ್ದಾರೆ, ಇಷ್ಟನ್ನು ಅವಸರದಲ್ಲಿ ಬರೆಯುತ್ತೇನೆ. ನೀನು ಕೇಳಿದ ಆ ಕೆಲಸ ಆಯಿತು. ಕಾಗದ ಬಂದ ಮರುದಿನವೇ ಪುಸ್ತಕದ ಕೊನೆಗೆ ಎರಡು ಹಾಳೆ ಹೊಲಿದೆ. ಒಂದಕ್ಕೆ ಹಸಿರು ಸೀರೆಯುಟ್ಟು ಮುಡಿ ತುಂಬ ಹೂ ಮುಡಿದ ಹೆಂಗಸಿನ ಚೀಟಿ. "ಯಾರು ಬಂದ್ರು? ಅವ್ವ ಬಂದ್ಲು. ಏನು ತಂದ್ಲು? ಸಕ್ಕರಿ ತಂದ್ಲು. ಎಲ್ಲಿಗೆ ಹೋದ್ಲು? ತುಂಗಾನ್ನ ಕರಕೊಂಡು ತನ್ನ ಮನಿಗೆ ಹೋದ್ಲು." ಇನ್ನೊಂದಕ್ಕೆ ನನ್ನಂಥವಳ ಚಿತ್ರ ಯಾವ ಥಾನಿನ ಮೇಲೂ ಸಿಗಲಿಲ್ಲ, ನನ್ನ ಸೀರೆಯ ಕೆಂಪು ಚೂರು ಅಂಟಿಸಿದೆ. "ಯಾರು ಉಳದ್ರು? ಅತ್ತಿ ಉಳದ್ಲು." ಅಷ್ಟೇ, ಆ ಹಾಳೆಗೆ ತಿನ್ನುವುದೂ ಇಲ್ಲ, ಹೋಗುವುದೂ ಇಲ್ಲ. ಒಲೆಯ ಮುಂದಿನಿಂದ ದಿನವೂ ನಾನೇ ಹೇಳಿದೆ. ಮೊದಮೊದಲು ಆ ಹಾಳೆ ಬಂದರೆ ಒಳಗೆ ಇಣುಕಿ, ನನ್ನ ಕಡೆ ಬೆರಳು ಮಾಡಿ, "ಅಲ್ಲ, ಅವ್ವ" ಎಂದು ನನ್ನನ್ನೇ ತಿದ್ದುತ್ತಿದ್ದಳು. ನಾನು ಮತ್ತೆ ಅದನ್ನೇ ಹೇಳಿದೆ. ಈ ಬೆಳಿಗ್ಗೆ ಹೊಸ್ತಿಲ ಆಚೆ ನಿಂತು, "ಅತ್ತೀ, ಹಸಿವು" ಎಂದಳು. ಹಾಲು ಕಾಯಿಸಿ ಕೊಟ್ಟೆ. ಹುಣ್ಣಿಮೆಯ ತನಕ ಕಾಯಬೇಡ ಅನಂತಾ, ಈ ಕಾಗದ ಕೈಸೇರಿದ ದಿನವೇ ಗಾಡಿ ಕಟ್ಟಿಸು. ಆ ಎರಡು ಹಾಳೆಯ ಹೊಲಿಗೆ ಬಿಚ್ಚಲು ಎಷ್ಟು ಹೊತ್ತು ಬೇಕು? ಬಿಚ್ಚಿದರೆ ನಾಲ್ಕು ದಿನದಲ್ಲಿ ಅವಳು ಮತ್ತೆ ಅವ್ವ ಎಂದಾಳು, ನನ್ನ ಕೈಯ ಮೇಲೆ ನನಗೆ ನಂಬಿಕೆಯಿಲ್ಲ.